ವಜಾ ಹೋಗಿ ಉಳಿದದ್ದು

ಹೊಸ ಗೋಣಿಚೀಲದ ವಾಸನೆ ನನಗೆ ಆಗುವುದಿಲ್ಲ. ಹೋದ ವಾರ ಕಕ್ಷಿದಾರರೊಬ್ಬರ ಸಹಿ ಬೇಕಾಗಿ ಗಂಗಾವತಿಯ ಮಾರ್ಕೆಟ್ ಯಾರ್ಡಿಗೆ ಹೋಗಿದ್ದೆ. ಭತ್ತದ ಸುಗ್ಗಿ, ಕಾಲಿಡಲು ಜಾಗವಿಲ್ಲದಷ್ಟು ಚೀಲ. ಕಾಟಾದ ಮುಂದೆ ನಿಂತ ತೂಕದವನು "ಚೀಲದ ವಜಾ ಹಿಡೀರಿ, ಹಸಿ ವಜಾ ಹಿಡೀರಿ" ಎಂದು ಕೂಗುತ್ತಿದ್ದ. ಚೀಲದ ತೂಕಕ್ಕೆ ಇಷ್ಟು, ಕಾಳಿನ ಹಸಿಗೆ ಇಷ್ಟು ಎಂದು ಕಳೆದು ಉಳಿದದ್ದನ್ನು ಲೆಕ್ಕಕ್ಕೆ ಹಿಡಿಯುತ್ತಾರೆ. ಮಾರ್ಕೆಟ್ಟಿನಲ್ಲಿ ವಜಾ ಅಂದರೆ ಅಷ್ಟೇ, ಒಂದಿಷ್ಟು ಕಳೆಯುವುದು. ಕಳೆದ ಮೇಲೆ ಉಳಿಯುವುದು ಇದ್ದೇ ಇರುತ್ತದೆ. ನಾನು ಸಹಿಯ ಮಾತು ಬಿಟ್ಟು ಹೊರಗೆ ಬಂದು ಬೇವಿನ ಗಿಡದ ಕೆಳಗೆ ನಿಂತೆ. "ಯಾಕ್ರೀ ಮೇಡಂ, ಧೂಳು ತಡಕೊಳ್ಳಾಕ ಆಗಲಿಲ್ಲೇನ್ರಿ?" ಎಂದು ಅಂಗಡಿಯವರು ನೀರು ಕಳಿಸಿದರು. ಧೂಳಲ್ಲ, ದ್ಯಾಮವ್ವ ನೆನಪಾದಳು ಎಂದು ಅವರಿಗೆ ಹೇಳಿ ಏನು ಮಾಡುವುದಿತ್ತು?

ನಾನು ಕುಷ್ಟಗಿಯವಳು. ಕಾನೂನು ಓದಿ ಮುಗಿಸಿ, ಕೊಪ್ಪಳದಲ್ಲಿ ಒಬ್ಬ ಹಿರಿಯ ವಕೀಲರ ಕೈಕೆಳಗೆ ಸೇರಿದ ಮೊದಲ ವರ್ಷ ಅದು. ಅಪ್ಪ ಬಂದವರಿಗೆಲ್ಲ "ಮಗಳು ವಕೀಲಕಿ ಆಗ್ಯಾಳ್ರೀ, ಇನ್ನ ಮನ್ಯಾಗ ನಮ್ಮ ಬಾಯಿ ಬಂದ್" ಎನ್ನುತ್ತಿದ್ದ. ಅಪ್ಪನ ಬಾಯಿ ಎಂದೂ ಬಂದ್ ಆಗಲಿಲ್ಲ, ಕೋರ್ಟಿನಲ್ಲಿ ನನ್ನ ಬಾಯಿಯೇ ಏಳುತ್ತಿರಲಿಲ್ಲ. ಫೈಲು ಹೊತ್ತುಕೊಂಡು ಹಿರಿಯರ ಹಿಂದೆ ಹೋಗುವುದು, ಕೇಸಿನ ಹೆಸರು ಕೂಗಿದಾಗ "ಸೀನಿಯರ್ ಬರ್ತಾ ಇದ್ದಾರೆ ಸ್ವಾಮಿ" ಎನ್ನುವುದು, ಇಷ್ಟೇ ನನ್ನ ವಕೀಲಿಕೆ. ಆಫೀಸಿನಲ್ಲಿ ಎಲ್ಲರೂ ಆ ಹಿರಿಯರನ್ನು ಸಾಹೇಬರು ಎನ್ನುತ್ತಿದ್ದರು. ಅವರು ಕಡಿಮೆ ಮಾತಿನವರು. ಅವರ ಪಾಲಿನ ಮಾತನ್ನೂ ಗುಮಾಸ್ತ ಶರಣಪ್ಪನೇ ಆಡಿ ಮುಗಿಸುತ್ತಿದ್ದ.

ಆ ವರ್ಷ ಮೃಗಶಿರಾ ಮಳೆ ಬರೀ ಗಾಳಿಯಲ್ಲೇ ಹೋಯಿತು. ಗಿಣಿಗೇರಾ ಕಡೆಯಿಂದ ಬೀಸುವ ಗಾಳಿಯಲ್ಲಿ ಕಾರ್ಖಾನೆಗಳ ಕರಿ ಧೂಳು. ಬೆಳಿಗ್ಗೆ ತೊಟ್ಟ ಬಿಳಿ ಬಟ್ಟೆ ಮಧ್ಯಾಹ್ನಕ್ಕೆ ಬೂದಿ ಬಣ್ಣ. "ವಕೀಲರಿಗೆ ಕೋಟು ಬ್ಯಾರೆ ಯಾಕ ಬೇಕ್ರಿ, ಅಂಗಿ ತಾನ ಕರೇದಾಕ್ಕೈತಿ" ಎಂದು ಶರಣಪ್ಪ ನಗುತ್ತಿದ್ದ. ಅಂಥ ಒಂದು ಗಾಳಿಯ ದಿನ, ಆಫೀಸಿನ ಮೆಟ್ಟಿಲ ಮೇಲೆ ಸೆರಗಿನಿಂದ ಮುಖ ಮುಚ್ಚಿಕೊಂಡು ಕೂತಿದ್ದ ದ್ಯಾಮವ್ವನನ್ನು ಮೊದಲ ಸಲ ನೋಡಿದೆ. ಗಿಣಿಗೇರಾದಿಂದ ಒಳಗೆ ಒಂದು ಹಳ್ಳಿಯವಳು. ಕೊಪ್ಪಳದ ಮಾರ್ಕೆಟ್ಟಿನಲ್ಲಿ ಕಾಳು ಹಸನು ಮಾಡುವುದು, ಹರಿದ ಚೀಲ ಹೊಲಿಯುವುದು ಅವಳ ಕೆಲಸ. ಚೀಲ ಹೊಲಿಯುವ ದಬ್ಬಣ ಯಾವಾಗಲೂ ಸೊಂಟಕ್ಕೆ ಸಿಕ್ಕಿಸಿಕೊಂಡಿರುತ್ತಿದ್ದಳು. ಅವಳು ಎದ್ದು ಹೋದ ಮೇಲೂ ಗೋಣಿಯ ವಾಸನೆ ಸ್ವಲ್ಪ ಹೊತ್ತು ಅಲ್ಲೇ ಇರುತ್ತಿತ್ತು.

ಅವಳದು ಅಪೀಲು. ಗಂಡ ತೀರಿಕೊಂಡ ಮೇಲೆ ಮೈದುನ ಯಂಕಪ್ಪ ಅವಳ ಮೇಲೆ ದಾವಾ ಹಾಕಿದ್ದ. ಅಣ್ಣ ತನಗೆ ಹಕ್ಕು ಬಿಟ್ಟುಕೊಟ್ಟ ಪತ್ರ ಇದೆ, ಹೊಲ ತನ್ನದು ಎಂಬುದು ಅವನ ವಾದ. ಆ ಪತ್ರ ಬೇರೆ ಹೊಲಕ್ಕೆ ಬರೆದದ್ದು, ಅದಕ್ಕೆ ಬದಲಾಗಿ ಈ ಹೊಲ ತನ್ನ ಗಂಡನಿಗೆ ಅಂತ ಅಣ್ಣತಮ್ಮ ಮಾತಾಡಿಕೊಂಡಿದ್ದರು ಎಂಬುದು ಇವಳ ವಾದ. ಅವನ ಕಡೆ ಕಾಗದ ಇತ್ತು, ಇವಳ ಕಡೆ ಮಾತು ಇತ್ತು. ಕೆಳಗಿನ ಕೋರ್ಟು ಕಾಗದವನ್ನು ನಂಬಿತು. ಮೇಲಿನ ಕೋರ್ಟು ಮಾತ್ರ ಅಪೀಲು ತೀರ್ಮಾನ ಆಗುವವರೆಗೆ ಅವಳನ್ನು ಹೊಲದಿಂದ ಬಿಡಿಸಬಾರದು ಎಂದು ತಡೆ ಕೊಟ್ಟಿತ್ತು.

"ಹೊಲ ಯಾರಿಗೆ ಬೇಕವ್ವಾ ತಂಗಿ," ಎಂದಳು ಒಂದು ದಿನ, ಕೋರ್ಟಿನ ಕಟ್ಟೆಯ ಮೇಲೆ ನನ್ನ ಪಕ್ಕ ಕೂತು. "ಮೂಲ್ಯಾಗ ಬನ್ನಿ ಗಿಡ ಐತಿ. ಅದರ ಬುಡಕ್ಕ ನಮ್ಮ ಮನಿಯವ್ರ ಮಣ್ಣಾಗೇತಿ. ಅವ್ರ ಮಗ್ಗಲಿಗೆ ನನ್ನ ಮಣ್ಣೂ ಆಗಬೇಕು. ಅಷ್ಟು ಬಿಟ್ಟು ಎಲ್ಲಾ ಅವನ ತಿನ್ಲಿ." ಗಂಡನ ಹೆಸರು ಅವಳು ಹೇಳುತ್ತಿರಲಿಲ್ಲ. ಮಕ್ಕಳಿರಲಿಲ್ಲ. ನಮ್ಮ ಕಡೆ ಮಣ್ಣು ಅಂದರೆ ಹೊಲದ ಮಣ್ಣೂ ಹೌದು, ಹೆಣ ಹೂಳುವುದೂ ಹೌದು. ದ್ಯಾಮವ್ವನ ಅಪೀಲಿನಲ್ಲಿ ಎರಡೂ ಒಂದೇ ಆಗಿದ್ದವು.

ತಾರೀಖು ಇದ್ದ ದಿನ ಅವಳು ನಮಗಿಂತ ಮೊದಲೇ ಬಂದು ಕೋರ್ಟಿನ ಬಾಗಿಲ ಬಳಿ ನಿಂತಿರುತ್ತಿದ್ದಳು. ಕೂಗುವವನು "ದ್ಯಾಮವ್ವಾ..." ಎಂದು ಎಳೆದು ಕೂಗಿದರೆ "ಇದೀನ್ರಿಯಪ್ಪಾ" ಎಂದು ಇಡೀ ಹಾಲಿಗೆ ಕೇಳುವಂತೆ ಒದರುತ್ತಿದ್ದಳು. ಎದುರಿನ ವಕೀಲರು ಬಂದಿಲ್ಲ, ಮುಂದಕ್ಕೆ. ನಮ್ಮ ಸಾಹೇಬರಿಗೆ ಬೇರೆ ಕೋರ್ಟು, ಮುಂದಕ್ಕೆ. ನಾನು ಮುಖ ಸಣ್ಣದು ಮಾಡಿದರೆ ಅವಳೇ ನನಗೆ ಸಮಾಧಾನ ಹೇಳುತ್ತಿದ್ದಳು: "ಮುಂದಕ್ಕ ಹೋತಲ್ಲವ್ವಾ, ಹಿಂದಕ್ಕಂತೂ ಬರಲಿಲ್ಲ." ಮುದುಕಿಯ ಧೈರ್ಯ ನೋಡಿ ನನಗೇ ನಾಚಿಕೆಯಾಗುತ್ತಿತ್ತು.

ಶ್ರಾವಣದಲ್ಲಿ ಮಳೆ ಹಿಡಿಯಿತು. ಒಂದು ಜಿಟಿಜಿಟಿ ಮಧ್ಯಾಹ್ನ ಅವಳು ಮೈದುನನನ್ನೇ ಕರೆದುಕೊಂಡು ಆಫೀಸಿಗೆ ಬಂದಳು. ಯಂಕಪ್ಪನನ್ನು ನಾನು ಖಳನಾಯಕನಂತೆ ಊಹಿಸಿಕೊಂಡಿದ್ದೆ. ಬಂದವನು ಒಣಕಲು ಮನುಷ್ಯ, ಹೆಗಲ ಮೇಲೆ ಒದ್ದೆ ಟವೆಲ್ಲು, ಬಾಗಿಲಲ್ಲೇ ಚಪ್ಪಲಿ ಬಿಟ್ಟು ಗೋಡೆಗೆ ಅಂಟಿಕೊಂಡು ನಿಂತ. ಊರ ಹಿರಿಯರು ಇಬ್ಬರನ್ನೂ ಹುಲಿಗೆಮ್ಮನ ಗುಡಿಗೆ ಕರೆದೊಯ್ದು ಕೂರಿಸಿದ್ದರಂತೆ. ಹೊಲ ಯಂಕಪ್ಪನದು, ಬನ್ನಿ ಗಿಡದ ಮೂಲೆಯ ಎರಡು ಗುಂಟೆ ದ್ಯಾಮವ್ವನದು ಎಂದು ಅವನು ದೇವಿಯ ಭಂಡಾರದ ಅರಿಶಿನ ಮುಟ್ಟಿ ಆಣೆ ಮಾಡಿದ್ದ.

"ಭಾಳ ಛಲೋ ಆತು," ಎಂದರು ಸಾಹೇಬರು. "ಶರಣಪ್ಪ, ರಾಜಿ ಪತ್ರ ಟೈಪ್ ಮಾಡಿಸು. ಇಬ್ಬರೂ ಸಹಿ ಮಾಡ್ರಿ, ಕೋರ್ಟಿಗೆ ಕೊಡೂಣು."

ಯಂಕಪ್ಪನ ಮುಖ ಬಿಗಿಯಿತು. "ಭಂಡಾರ ಮುಟ್ಟೀನ್ರೀ ಸಾಹೇಬ್ರ. ಅದರ ಮ್ಯಾಲ ಮತ್ತ ಸಹಿ ಮಾಡು ಅಂದ್ರ, ಅವ್ವನ ಆಣೆ ಸಾಲಲಿಲ್ಲ ಅಂದಂಗ ಆಕ್ಕೈತಿ. ನನ್ನ ಮಕ್ಕಳಿಗೆ ಬಡೀತೈತ್ರಿ ಅದು."

ಸಾಹೇಬರು ದ್ಯಾಮವ್ವನ ಕಡೆ ನೋಡಿದರು. ಅವಳೂ ಕೈ ಮುಗಿದಳು. "ಬ್ಯಾಡ್ರೀ ಯಪ್ಪಾ. ಆಣೆ ಮಾಡ್ಯಾನ. ಆಣೆ ಮ್ಯಾಲ ಸಹಿ ಕೇಳಿದ್ರ ನಾನ ಆಣೆ ಒಡದಂಗ."

"ಒಮ್ಮೆ ಮಾತು ನಂಬಿ ಹೊಲ ಕಳಕೊಂಡಿ. ಮತ್ತ ಮಾತ ನಂಬತಿಯೇನು?" ಸಾಹೇಬರ ದನಿ ಏರಿತ್ತು. "ಅಪೀಲು ಅಂದ್ರ ಎತ್ತಲ್ಲ ದ್ಯಾಮವ್ವ, ನೊಗದಿಂದ ಕೊಳ್ಳ ಹರಿದು ಬಿಟ್ರ ತಾನ ಮನಿಗೆ ಬರಾಕ. ನೀ ಬರೂದು ಬಿಟ್ರ ಅದು ಸಾಯ್ತೈತಿ."

"ಅಂವಾ ನಮ್ಮ ಮನಿಯವ್ರ ತಮ್ಮರೀ," ಎಂದಳು ಅವಳು. ಬೇರೆ ಮಾತೇ ಇಲ್ಲವೆನ್ನುವಂತೆ. ಇಬ್ಬರೂ ಒಂದೇ ಕೊಡೆಯಲ್ಲಿ ಬಸ್‌ಸ್ಟ್ಯಾಂಡಿನ ಕಡೆ ಹೋದದ್ದು ನನಗೆ ಇನ್ನೂ ಕಣ್ಣಿಗೆ ಕಟ್ಟಿದೆ. ಆಗ ನನಗೆ ಸಂತೋಷವೇ ಆಗಿತ್ತು, ಸುಳ್ಳೇಕೆ ಹೇಳಲಿ. ಕೋರ್ಟಿನಲ್ಲಿ ಮುಗಿಯದ್ದು ಗುಡಿಯಲ್ಲಿ ಮುಗಿಯಿತಲ್ಲ ಎಂದುಕೊಂಡೆ.

ಅಲ್ಲಿಂದ ಅವಳು ಬರುವುದನ್ನು ಬಿಟ್ಟಳು. ತಾರೀಖು ಬಂದಾಗ ಶರಣಪ್ಪ ಫೋನು ಮಾಡಿದರೆ "ನಮ್ದು ಮುಗದೈತಪ್ಪ, ನೀವು ಯಾಕ ತ್ರಾಸ ತಗೋತೀರಿ" ಎನ್ನುತ್ತಿದ್ದಳು. ಕಕ್ಷಿದಾರಳೇ ಬೇಡವೆಂದ ಮೇಲೆ ವಕೀಲ ಯಾರ ಪರವಾಗಿ ವಾದಿಸಬೇಕು? ತಮಗೆ ಅವಳಿಂದ ಸೂಚನೆ ಇಲ್ಲ ಎಂದು ಸಾಹೇಬರು ಕೋರ್ಟಿಗೆ ತಿಳಿಸಿದರು. ಕೋರ್ಟು ಅವಳಿಗೇ ನೋಟಿಸು ಕಳಿಸಿತು. ಮಾರ್ಕೆಟ್ಟಿನಲ್ಲಿ ಚೀಲ ಹೊಲಿಯುತ್ತ ಕೂತಲ್ಲೇ ಹೆಬ್ಬೆಟ್ಟು ಒತ್ತಿ ಅದನ್ನು ಇಸಿದುಕೊಂಡಳಂತೆ. ಬರಲಿಲ್ಲ.

ದಸರಾ ರಜೆ ಮುಗಿದ ಮೇಲೆ ಆ ಅಪೀಲು ಮತ್ತೆ ಬಂತು. ಬೇರೆ ಕೇಸಿಗೆಂದು ನಾನು ಹಾಲಿನಲ್ಲೇ ಕೂತಿದ್ದೆ. ಕೂಗುವವನು ಬಾಗಿಲಿಗೆ ಹೋಗಿ "ದ್ಯಾಮವ್ವಾ..." ಎಂದ. ನನಗರಿವಿಲ್ಲದೆ ಬಾಗಿಲ ಕಡೆ ನೋಡಿದೆ, ಆ ಒದರುವ ದನಿ ಬರಬಹುದು ಎಂದು. ಎರಡನೇ ಸಲ ಕೂಗಿದ. ಮೂರನೇ ಸಲ ಕೂಗಿದ. ಹೊರಗೆ ಯಾರೋ ಕೆಮ್ಮಿದರು, ಅಷ್ಟೇ. ಅಪೀಲುದಾರಳು ಗೈರುಹಾಜರು, ಮುಂದುವರಿಸುವ ಆಸಕ್ತಿ ಕಾಣುವುದಿಲ್ಲ, ವಜಾ. ಇಷ್ಟು ಬರೆಸಿ ನ್ಯಾಯಾಧೀಶರು ಮುಂದಿನ ಫೈಲು ತೆಗೆದುಕೊಂಡರು. ಅವಳ ಹೊಲಕ್ಕಿದ್ದ ತಡೆಯೂ ಅದರ ಜೊತೆಗೇ ಹೋಯಿತು. ಯಾರಾದರೂ ಗಟ್ಟಿಯಾಗಿ ಸೀನಿದ್ದರೆ ಆ ಆದೇಶ ನನ್ನ ಕಿವಿಗೆ ಬೀಳುತ್ತಲೇ ಇರಲಿಲ್ಲ.

ಸಂಜೆ ಶರಣಪ್ಪ ಅವಳಿಗೆ ಫೋನು ಮಾಡಿದ. "ಯವ್ವಾ, ನಿನ್ನ ಅಪೀಲು ವಜಾ ಆತು. ಏನಾರ ಮಾಡೂದಿದ್ರ ತಿಂಗಳೊಳಗ ಬರಬೇಕು ನೋಡು." ಅವನು ಫೋನು ಇಟ್ಟು ನಮ್ಮ ಕಡೆ ವಿಚಿತ್ರವಾಗಿ ನೋಡಿದ. "ವಜಾ ಆತಂದ್ರ ಭಾಳ ಛಲೋ ಆತು ಬಿಡಪ್ಪ, ನಿನ್ನ ಹೊಟ್ಟಿ ತಣ್ಣಗಿರಲಿ ಅಂದ್ಲು!"

"ಬ್ಯಾಸತ್ತಿರಬೇಕು," ಎಂದರು ಸಾಹೇಬರು. "ಸೋತ್ರೂ ಚಿಂತಿಲ್ಲ, ಕೋರ್ಟು ತಪ್ಪಿದ್ರ ಸಾಕು ಅನ್ನೋರು ಭಾಳ ಮಂದಿ ಅದಾರ." ಅದು ನಿಜವೂ ಆಗಿತ್ತು. ಅಂಥವರನ್ನು ಆ ವರ್ಷವೇ ನಾನು ನೋಡಿದ್ದೆ.

ಸ್ವಲ್ಪ ದಿನಕ್ಕೆ ಗಿಣಿಗೇರಾದ ಆಟೋದವನೊಬ್ಬ ಹಸಿ ಶೇಂಗಾದ ಗಂಟು ತಂದುಕೊಟ್ಟ. ದ್ಯಾಮವ್ವ ಕಳಿಸಿದ್ದು, ಸಾಹೇಬರಿಗೆ, ಶರಣಪ್ಪನಿಗೆ, ವಕೀಲವ್ವಗೆ. ಗಂಟು ಮೇಜಿನ ಮೇಲೆ ಬಿಚ್ಚಿಟ್ಟುಕೊಂಡು ನಾವು ಮೂವರೂ ತಿಂದೆವು. ಆ ವರ್ಷದ ಶೇಂಗಾ ಬಹಳ ರುಚಿಯಾಗಿತ್ತು. ತಿಂಗಳು ಕಳೆಯಿತು.

ಅವಳು ಮತ್ತೆ ಬಂದದ್ದು ಎಳ್ಳಮಾಸಿ ಮುಗಿದ ಮೇಲೆ, ಚಳಿಯಲ್ಲಿ. ಸಾಹೇಬರು ಯಲಬುರ್ಗಾ ಕೋರ್ಟಿಗೆ ಹೋಗಿದ್ದರು. ಆಫೀಸಿನಲ್ಲಿ ನಾನು, ಶರಣಪ್ಪ ಇಬ್ಬರೇ. ಮೆಟ್ಟಿಲು ಹತ್ತಿ ಬಂದ ರಭಸಕ್ಕೆ ಏದುತ್ತಿದ್ದಳು. ಕೂತುಕೋ ಎಂದರೆ ಕೂರಲಿಲ್ಲ.

"ಕಂಪೌಂಡ್ ಕಟ್ಟಾಕತ್ತಾರವ್ವಾ! ಬನ್ನಿ ಗಿಡ ಕಡದ ಒಗದಾರ. ಒಳಗ ಬಿಡವಲ್ರು. ನನ್ನ ಜಾಗಾಕ್ಕ ನನ್ನ ಬಿಡವಲ್ರು!"

ಯಂಕಪ್ಪ ಹೊಲ ಮಾರಿದ್ದ. ಸುತ್ತಲಿನವರೆಲ್ಲ ಮಾರಿದ್ದರು. ಧೂಳಿನಲ್ಲಿ ಸಜ್ಜೆ ತೆನೆ ಕಟ್ಟುತ್ತಿರಲಿಲ್ಲ. ಮೂಲೆಯ ಎರಡು ಗುಂಟೆ ಅತ್ತಿಗೆಯದು, ಅದನ್ನು ಮುಟ್ಟಬಾರದು ಎಂದು ಅವನು ದಲಾಲಿಗೆ ಹೇಳಿಯೂ ಇದ್ದ. ದಲಾಲಿ "ಆಗಲೇಳ್ರಿ ಯಜಮಾನ್ರ" ಎಂದಿದ್ದ. ಕೊಂಡವರ ಹೆಸರಿಗೆ ನೋಂದಣಿ ಆದದ್ದು ಮಾತ್ರ ಇಡೀ ಹೊಲ. ಆಣೆ ಮಾಡಿದವನು ಯಂಕಪ್ಪ, ಕೊಂಡವರು ಯಾರೋ. ಹುಲಿಗೆಮ್ಮನ ಭಂಡಾರ ಅವರ ಕೈಗೆ ಹತ್ತಿರಲಿಲ್ಲ.

"ಅಪೀಲು ವಜಾ ಆದಾಗ ನೀವು ಬರಬೇಕಿತ್ತವ್ವಾ," ಎಂದೆ.

"ಅದನ್ನ ಹೇಳಾಕ ಬಂದೀನಿ," ಎಂದಳು. "ಕೋರ್ಟಿನವ್ರು ವಜಾ ಮಾಡಿ ಕೊಟ್ಟ ಜಾಗಾ ಇವ್ರು ಹ್ಯಾಂಗ ಕಟ್ಟತಾರ? ಆ ಆರ್ಡರ್ ತಗೊಂಡು ನಡೀರಿ, ತೋರಸೂಣು."

ಶರಣಪ್ಪ ನನ್ನ ಮುಖ ನೋಡಿದ. ನಾನು ಅವನ ಮುಖ ನೋಡಿದೆ.

"ವಜಾ ಮಾಡಿ ಕೊಟ್ಟದ್ದು ಅಂದ್ರ?" ಎಂದೆ ಮೆಲ್ಲಗೆ.

ಅವಳಿಗೆ ನನ್ನ ದಡ್ಡತನ ನೋಡಿ ಸಿಟ್ಟೇ ಬಂತು. "ಹೊಲ ಅವಂದು. ಅದರಾಗ ನಂದು ಎರಡು ಗುಂಟೆ ವಜಾ. ಗುಡಿಯಾಗ ಮಾತಾದಂಗ ಕೋರ್ಟಿನಾಗೂ ಆತು ಅಂತ ಇಂವ ಫೋನಿನ್ಯಾಗ ಹೇಳಲಿಲ್ಲೇನು? ಅದಕ್ಕ ಅಲ್ಲೇನು ನಾ ಶೇಂಗಾ ಕಳಿಸಿದ್ದು?"

ಶರಣಪ್ಪ ಎದ್ದು ಹೊರಗೆ ಹೋಗಿಬಿಟ್ಟ. ದ್ಯಾಮವ್ವ ಹುಟ್ಟಾ ಮಾರ್ಕೆಟ್ಟಿನಲ್ಲಿ ಬೆಳೆದ ಹೆಂಗಸು. ದಿನ ಬೆಳಗಾದರೆ ಚೀಲದ ವಜಾ, ಕಸದ ವಜಾ, ಹಸಿ ವಜಾ ಎಂಬ ಕೂಗು. ಅವಳಿಗೆ ಆ ಶಬ್ದ ನಮಗಿಂತ ಚೆನ್ನಾಗಿ ಗೊತ್ತಿತ್ತು. ಅದೇ ಶಬ್ದ ಕೋರ್ಟಿನ ಒಳಗೆ ಬಂದರೆ ಬೇರೆ ಆಗುತ್ತದೆ ಎಂದು ಯಾರೂ ಹೇಳಿರಲಿಲ್ಲ. ಯಾರಿಗೂ ಹೇಳಬೇಕೆಂದು ಹೊಳೆದಿರಲೂ ಇಲ್ಲ. ಈಗ ಹೇಳುವ ಕೆಲಸ ನನ್ನ ಪಾಲಿಗೆ ಬಿತ್ತು.

"ಎರಡು ಗುಂಟೆ ಅಲ್ಲವ್ವಾ. ನಿಮ್ಮ ಅಪೀಲ ಪೂರಾ ವಜಾ ಆಗೇತಿ. ತಕರಾರು ತಗದು ಒಗದಾರ. ಹೊಲ ಎಲ್ಲಾ ಅವ್ರದಂತ ಆತು."

ದ್ಯಾಮವ್ವ ಸೊಂಟದ ದಬ್ಬಣವನ್ನು ಬೆರಳಲ್ಲಿ ಮುಟ್ಟಿ ಮುಟ್ಟಿ ನೋಡುತ್ತಿದ್ದಳು. ಆಮೇಲೆ, ನನಗಲ್ಲ, ತನಗೇ ಎಂಬಂತೆ ಕೇಳಿದಳು: "ಪೂರಾ ಹೋದ್ರ ಅದಕ್ಕ ವಜಾ ಅಂತಾರೇನು?"

ವಜಾ ಆದ ಅಪೀಲನ್ನು ಮತ್ತೆ ತೆಗೆದುಕೊಳ್ಳಿ ಎಂದು ಅರ್ಜಿ ಹಾಕಬಹುದು. ಬರದೆ ಇದ್ದುದಕ್ಕೆ, ತಡವಾದುದಕ್ಕೆ ತಕ್ಕ ಕಾರಣ ಇರಬೇಕು. ಸಾಹೇಬರು ಮರುದಿನ ಎಲ್ಲ ಕೇಳಿ, ತಲೆ ಮೇಲೆ ಕೈಯಿಟ್ಟುಕೊಂಡು, "ಕಾಮಾಲೆ ಆಗಿತ್ತು, ನಾಟಿ ಔಷಧ ತಗೋತಿದ್ದೆ ಅಂತ ಬರೀ. ಎಲ್ಲಾರೂ ಅದನ್ನ ಬರೀತಾರ" ಎಂದರು. ನಾನು ಬರೆದೆ. ಪ್ರಮಾಣ ಪತ್ರ ಓದಿ ಹೇಳಿದಾಗ ದ್ಯಾಮವ್ವ ಒಪ್ಪಲಿಲ್ಲ.

"ನನಗ ಕಾಮಾಲಿ ಆಗಿಲ್ಲಲ್ಲವ್ವಾ?"

"ಹಾಂಗ ಬರೀಬೇಕಾಗತೈತಿ."

"ಆಣೆ ಮಾಡಿ ಬರೀತಾರ ಅಂದಿ. ಆಣೆ ಮಾಡಿ ಸುಳ್ಳು ಹ್ಯಾಂಗ ಹೇಳ್ಲಿ? ನಾಳೆ ಯಂಕಪ್ಪಗ ಏನಂತ ಬೈಲಿ?"

ಎಷ್ಟು ಹೇಳಿದರೂ ಹೆಬ್ಬೆಟ್ಟು ಒತ್ತಲಿಲ್ಲ. ನನಗೆ ಸಿಟ್ಟು ಬಂದು "ಹಂಗಾರ ಸತ್ಯ ಹೇಳಿಕೊಂಡು ಕುಂದ್ರು" ಎಂದೂ ಅಂದೆ. ಕೊನೆಗೆ ಇದ್ದದ್ದನ್ನು ಇದ್ದಹಾಗೆ ಬರೆದೆವು. ಗುಡಿಯಲ್ಲಿ ಆಣೆ ಆಯಿತು, ಅದಕ್ಕೆ ಬರುವುದನ್ನು ಬಿಟ್ಟೆ, ವಜಾ ಅಂದರೆ ಎರಡು ಗುಂಟೆ ಕಳೆದರು ಅಂದುಕೊಂಡೆ.

ಬಿಸಿಲೇರುವ ಹೊತ್ತಿಗೆ, ಹೋಳಿ ಹುಣ್ಣಿಮೆಯ ಆಚೀಚೆ, ಅರ್ಜಿಯ ವಾದ ಆಯಿತು. ಎದುರಿನ ವಕೀಲರು ಆ ಸಾಲನ್ನು ಗಟ್ಟಿಯಾಗಿ ಓದಿದರು. ಹಾಲಿನಲ್ಲಿ ನಾಲ್ಕು ಜನ ನಕ್ಕರು. ನ್ಯಾಯಾಧೀಶರು ನಗಲಿಲ್ಲ. ಅವರು ದ್ಯಾಮವ್ವನನ್ನು ಹತ್ತಿರ ಕರೆದು "ನೀವೇ ಮನಸ್ಸು ಮಾಡಿ ಬರೋದು ಬಿಟ್ರೋ, ಯಾರಾದ್ರೂ ತಡೆದ್ರೋ?" ಎಂದು ಕೇಳಿದರು. ತಡೆದರು ಅನ್ನು, ಒಂದು ಮಾತು ಅನ್ನು ಎಂದು ನಾನು ಹಿಂದೆ ನಿಂತು ಮನಸ್ಸಿನಲ್ಲೇ ಬೇಡಿಕೊಂಡೆ. "ನಾನ ಬಿಟ್ಟೇನ್ರಿಯಪ್ಪಾ. ಯಾರೂ ತಡದಿಲ್ಲ" ಎಂದಳು. ಅವರು ಒಂದು ಕ್ಷಣ ಪೆನ್ನು ಹಿಡಿದುಕೊಂಡೇ ಕೂತರು. ಆಮೇಲೆ ಬರೆದರು.

ಹೊರಗೆ ಬಂದು ಕಟ್ಟೆಯ ಮೇಲೆ ಕೂತೆವು. ಬೇವಿನ ಹೂವು ಉದುರುತ್ತಿತ್ತು.

"ಏನಾತವ್ವಾ?"

"ಈ ಅರ್ಜಿನೂ ವಜಾ ಆತವ್ವಾ."

ಅವಳು ನನ್ನ ಮುಖವನ್ನೇ ನೋಡಿದಳು. ಕಣ್ಣಲ್ಲಿ ನೀರು ಇರಲಿಲ್ಲ. ತೂಕದವನ ಲೆಕ್ಕ ತಪ್ಪಿದಾಗ ಹಮಾಲರು ನೋಡುವ ಹಾಗೆ ನೋಡಿದಳು. "ಉಳದದ್ದ ಏನೂ ಇರಲಿಲ್ಲಲ್ಲ. ಇನ್ನ ಯಾವುದರಾಗ ವಜಾ ಮಾಡ್ಯಾರ?"

ಧಾರವಾಡದ ಹೈಕೋರ್ಟಿಗೆ ಹೋಗಬಹುದು ಎಂದೆ. "ಅಲ್ಲೂ ಕೂಗತಾರೇನು?" ಎಂದು ಕೇಳಿದಳು. ಉತ್ತರಕ್ಕೆ ಕಾಯದೆ ಎದ್ದು, ಸೆರಗು ಝಾಡಿಸಿಕೊಂಡು, ಮಾರ್ಕೆಟ್ಟಿನ ಕಡೆ ನಡೆದಳು. ಮಧ್ಯಾಹ್ನದ ಪಾಳಿಗೆ ಹೊಲಿಯಬೇಕಾದ ಚೀಲಗಳಿದ್ದವು.

ಮರುವರ್ಷದ ಶ್ರಾವಣ ಬರುವಷ್ಟರಲ್ಲಿ ಅವಳು ಹೋದಳು. ಎರಡು ದಿನದ ಜ್ವರ ಅಂದರು. ಸುದ್ದಿ ತಂದವನು ಅದೇ ಆಟೋದವನು. ಶರಣಪ್ಪ, ನಾನು ಹೋದೆವು. ಸಾಹೇಬರು ಹಾರ ಕಳಿಸಿದರು. ರೈಲು ಹಳಿಯ ಆಚೆ ಊರಿನವರಿಗೆಲ್ಲ ಇರುವ ರುದ್ರಭೂಮಿಯಲ್ಲಿ ಕುಣಿ ತೋಡಿದ್ದರು. ಜಿಟಿಜಿಟಿ ಮಳೆ. ಹೆಣ ಇಳಿಸುವಾಗ ಯಂಕಪ್ಪ ಎಲ್ಲರನ್ನೂ ತಡೆದ. ಅವನ ಮುಖ ನೋಡುವ ಹಾಗಿರಲಿಲ್ಲ. "ಅಣ್ಣನ ಕಡೀಂದ ಒಂದು ಹಿಡಿ ಮಣ್ಣ ತರ್ತೀನಿ, ತಡೀರಿ. ಅಷ್ಟರ ಮಾಡಗೊಡ್ರಿ ನನಗ" ಎಂದು ಟವೆಲ್ಲು ಹಿಡಿದುಕೊಂಡು ಓಡಿದ. ಕಂಪೌಂಡಿನ ವಾಚಮನ್ ಪರಿಚಯದವನು, ಒಳಗೆ ಬಿಟ್ಟಾನು ಎಂದರು ಯಾರೋ. ಮಳೆಯಲ್ಲಿ ನಿಂತು ಕಾದೆವು. ಒಂದು ಗೂಡ್ಸ್ ಗಾಡಿ ಅದಿರು ತುಂಬಿಕೊಂಡು ಹೋಯಿತು. ಅದು ಹೋಗಿ ಬಹಳ ಹೊತ್ತಿನ ಮೇಲೆ ಹಳಿ ದಾಟಿ ಅವನು ಬರುವುದು ಕಾಣಿಸಿತು. ಟವೆಲ್ಲು ಹೆಗಲ ಮೇಲೇ ಇತ್ತು, ಎರಡೂ ಕೈ ಬರಿದು. ಕುಣಿಯ ಹತ್ತಿರ ಬಂದು, ಯಾಕೋ ನನ್ನ ಕಡೆಗೇ ತಿರುಗಿ ಹೇಳಿದ:

"ಅಲ್ಲೆ ಮಣ್ಣ ಇಲ್ರೀ ವಕೀಲವ್ವಾರ. ಬರೇ ಕಲ್ಲು, ಮೊರಂ ತುಂಬ್ಯಾರ."